ಗುತ್ತಿಗೆದಾರ ಕೈಕೊಟ್ಟರೆ: ಸರಿಪಡಿಸುವ ಖರ್ಚು ಕೇಳಬೇಕೋ, ಬೆಲೆ ಇಳಿಕೆ ಕೇಳಬೇಕೋ?

ಕೆಲಸ ಅರ್ಧಕ್ಕೆ ನಿಂತಿದ್ದರೆ, ಗೋಡೆ ಬಿರುಕು ಬಿಟ್ಟಿದ್ದರೆ, ಚಾವಣಿ ಸೋರುತ್ತಿದ್ದರೆ ಸರಿಪಡಿಸುವ ಖರ್ಚನ್ನೇ ಕೇಳಿ. ಲೆಕ್ಕ ಮಾತ್ರ ತಪ್ಪಬಾರದು. ಒಪ್ಪಂದದ ಮೊತ್ತ 100 ಎಂದುಕೊಳ್ಳಿ. 60 ಕೊಟ್ಟಾಗಿದೆ, ಉಳಿದದ್ದಕ್ಕೆ ಹೊಸಬರು 55 ಕೇಳುತ್ತಾರೆ. ನಿಮ್ಮ ನಷ್ಟ 55 ಅಲ್ಲ, 15. ಉಳಿದ 40 ಹೇಗೂ ನೀವು ಕೊಡಬೇಕಾಗಿದ್ದ ಹಣ.

ಬೆಲೆ ಇಳಿಕೆ ಎಂದರೆ ದೋಷದಿಂದ ಆಸ್ತಿಯ ಬೆಲೆ ಎಷ್ಟು ಇಳಿಯಿತೋ ಅಷ್ಟನ್ನು ಕೇಳುವುದು. ಈ ದಾರಿಯಲ್ಲಿ ಸಾಮಾನ್ಯವಾಗಿ ಕಡಿಮೆ ಹಣ ಸಿಗುತ್ತದೆ. ಆದರೂ ದೋಷ ಚಿಕ್ಕದು, ಒಡೆದು ಕಟ್ಟುವ ಖರ್ಚು ವಿಪರೀತ ಎಂದಾದರೆ ನ್ಯಾಯಾಲಯ ನಿಮ್ಮನ್ನು ಅತ್ತ ತಳ್ಳಬಹುದು. 1995ರಲ್ಲಿ ಬ್ರಿಟನ್ನಿನ ಆಗಿನ ಅತ್ಯುನ್ನತ ನ್ಯಾಯಾಲಯವಾಗಿದ್ದ ಹೌಸ್ ಆಫ್ ಲಾರ್ಡ್ಸ್ ಮುಂದೆ ಬಂದ ಪ್ರಕರಣದಲ್ಲಿ, ಈಜುಕೊಳ 7 ಅಡಿ 6 ಇಂಚು ಆಳವಿರಬೇಕಿತ್ತು, 6 ಅಡಿ 9 ಇಂಚಷ್ಟೇ ಇತ್ತು. ಮತ್ತೆ ಕಟ್ಟಲು 21,560 ಪೌಂಡ್ ಬೇಕಿತ್ತು. ಆಸ್ತಿಯ ಬೆಲೆಯೇನೂ ಇಳಿದಿರಲಿಲ್ಲ. ಮಾಲೀಕರಿಗೆ ಕೊನೆಗೆ ದಕ್ಕಿದ್ದು ಬಯಸಿದ ಸೌಕರ್ಯ ತಪ್ಪಿದ್ದಕ್ಕೆ 2,500 ಪೌಂಡ್ ಮಾತ್ರ.

ತಡಕ್ಕೆ ದಿನಕ್ಕಿಷ್ಟು ಎಂದು ಒಪ್ಪಂದದಲ್ಲೇ ಬರೆದಿದ್ದರೆ ಅದನ್ನು ಬೇರೆಯಾಗಿ ಕೇಳಿ.

ಯಾವ ದಾರಿಯಾದರೂ, ಹೊಸಬರು ಕೆಲಸಕ್ಕೆ ಕೈ ಹಚ್ಚುವ ಮೊದಲು ಲಿಖಿತ ನೋಟಿಸ್ ಕೊಡಿ, ದಿನಾಂಕ ಸಹಿತ ಫೋಟೊ ತೆಗೆಯಿರಿ, ಸಂಬಂಧವಿಲ್ಲದ ಎಂಜಿನಿಯರ್ ಒಬ್ಬರಿಂದ ವರದಿ ಬರೆಸಿ. ಗಾರೆ ಬಳಿದ ಮೇಲೆ ಒಳಗಿನ ದೋಷ ತೋರಿಸುವುದು ಬಹಳ ಕಷ್ಟ.