ನಾಲ್ಕು ವರ್ಷ ಬಳಸಿದ ಮೇಲೆ: ಫುಟೇಜ್ ಬಂಗಾರ, ಮಾಸ್ಟರ್ ತಲೆನೋವು

ಡಾಕ್ಯುಮೆಂಟರಿ ಎಡಿಟ್ ಮಾಡುವುದು ನನ್ನ ಕೆಲಸ. ಹಳೇ ಫಿಲ್ಮ್ ತುಣುಕುಗಳನ್ನು ದುಡ್ಡಿಗೆ ಕೊಡುವ ಈ ಆರ್ಕೈವ್ ಫುಟೇಜ್ ಸೇವೆಯನ್ನು ನಾಲ್ಕು ವರ್ಷದಿಂದ ಬಳಸುತ್ತಿದ್ದೇನೆ. ಹೆಸರು ಹೇಳಲ್ಲ, ಇನ್ನೂ ಅವರ ಹತ್ತಿರ ಕೆಲಸ ಇದೆ. ಐದಕ್ಕೆ ಮೂರೂವರೆ ಸ್ಟಾರ್.

ಸಂಗ್ರಹ ನಿಜಕ್ಕೂ ದೊಡ್ಡದು. ಆದರೆ ಹುಡುಕುವುದನ್ನು ಕಲಿಯೋಕೇ ಒಂದು ವರ್ಷ ಬೇಕಾಯಿತು. ಹಳೇ ನ್ಯೂಸ್‌ರೀಲ್‌ಗಳ (ಥಿಯೇಟರಿನಲ್ಲಿ ತೋರಿಸುತ್ತಿದ್ದ ಸುದ್ದಿಚಿತ್ರಗಳ) ವಿವರ ಬರೆದವರು ಆ ಕಾಲದವರೇ ಅಲ್ವಾ, 'ಏರ್‌ಪೋರ್ಟ್' ಅಂತ ಹಾಕಿದರೆ ನಾಲ್ಕು ಕ್ಲಿಪ್, 'ಏರೋಡ್ರೋಮ್' ಅಂದರೆ ಪುಟಗಟ್ಟಲೆ. ಹೆಂಗಸರನ್ನು ಹುಡುಕಬೇಕಾದರೆ ಗಂಡನ ಹೆಸರು ಗೊತ್ತಿರಬೇಕು, ಮುಕ್ಕಾಲು ಪಾಲು 'ಮಿಸೆಸ್ ಇಂಥವರು' ಅಂತಲೇ ಇರುತ್ತಾರೆ.

ನಿಜವಾದ ಕಿರಿಕಿರಿ ಮಾಸ್ಟರ್ ಬಂದಾಗ. ಮೊದಲು ವಾಟರ್‌ಮಾರ್ಕ್ ಇರುವ ಸ್ಕ್ರೀನರ್, ಅಂದರೆ ಮಾದರಿ ಕಾಪಿ ಕೊಡುತ್ತಾರೆ, ಅದರಲ್ಲೇ ಎಡಿಟ್ ಮುಗಿಸಿ, ಬಳಸಿದ ಸೆಕೆಂಡಿಗೆ ದುಡ್ಡು ಕಟ್ಟಿದ ಮೇಲೆ ಮಾಸ್ಟರ್, ಅಂದರೆ ವಾಟರ್‌ಮಾರ್ಕ್ ಇಲ್ಲದ ಪೂರ್ತಿ ಗುಣಮಟ್ಟದ ಕಾಪಿ ಕಳಿಸುತ್ತಾರೆ. ಒಂದು ಸಲ ರೈಲ್ವೆ ಪ್ಲಾಟ್‌ಫಾರ್ಮ್‌ನ 11 ಸೆಕೆಂಡಿನ ಶಾಟ್ ಇತ್ತು. ಸ್ಕ್ರೀನರ್ ಸೆಕೆಂಡಿಗೆ 25 ಫ್ರೇಮ್, ಬಂದ ಮಾಸ್ಟರ್ 24, ಟೈಮ್‌ಕೋಡ್ (ಪ್ರತಿ ಫ್ರೇಮ್‌ಗೂ ಇರುವ ಸಮಯದ ನಂಬರ್) ಬೇರೆ ಸೊನ್ನೆಯಿಂದ ಶುರು. ರೀಲಿಂಕ್ ಮಾಡಿದರೆ, ಅಂದರೆ ಎಡಿಟ್‌ನಲ್ಲಿ ಸ್ಕ್ರೀನರ್ ಜಾಗಕ್ಕೆ ಮಾಸ್ಟರ್ ಜೋಡಿಸಿದರೆ, ಪ್ಲಾಟ್‌ಫಾರ್ಮ್ ಇರಬೇಕಾದ ಕಡೆ ಯಾವುದೋ ಕುದುರೆ ರೇಸು! ಕೊನೆಗೆ ಪೋರ್ಟರ್ ಒಬ್ಬ ಟೋಪಿ ತೆಗೆಯುವ ಫ್ರೇಮ್ ಗುರುತು ಹಿಡಿದು, ಸ್ಕ್ರೀನರ್ ಮೇಲೆ ಮಾಸ್ಟರ್ ಇಟ್ಟು, ಕೆಳಗಿನದೂ ಕಾಣುವಂತೆ ಒಪಾಸಿಟಿ ಅರ್ಧಕ್ಕೆ ಇಳಿಸಿ, ಟೋಪಿಗೆ ಟೋಪಿ ಕೂರಿಸಿದೆ. ಇಂಥವು ಆ ಸಿನಿಮಾದಲ್ಲಿ 63 ಶಾಟ್. ಮೂರು ರಾತ್ರಿ ಹೋಯಿತು.

ಮೂಕಿ ಕಾಲದ ರೀಲ್ ಆದರೆ ಇನ್ನೂ ಜೋಪಾನ. 18 ಫ್ರೇಮ್‌ನಲ್ಲಿ ತೆಗೆದದ್ದನ್ನು ಹಾಗೇ 25ರಲ್ಲಿ ಓಡಿಸಿದರೆ ಹತ್ತಿರ ಹತ್ತಿರ 40 ಪರ್ಸೆಂಟ್ ಜಾಸ್ತಿ ವೇಗ, ಶವಯಾತ್ರೆಯೂ ಕಾಮಿಡಿ ಆಗಿಬಿಡುತ್ತದೆ. ಜೊತೆಗೆ, ಕೇಳದೇ ಇದ್ದರೆ ಹಳೇ ಚೌಕದಂಥ 4:3 ಚಿತ್ರದ ಮೇಲೆ ಕೆಳಗೆ ಕತ್ತರಿಸಿ ಅಗಲದ 16:9 ಮಾಡಿ ಕಳಿಸುತ್ತಾರೆ. ಜನರ ಹಣೆಯೇ ಮಾಯ. 'ಕತ್ತರಿಸದ ಫುಲ್ ಫ್ರೇಮ್, ಎರಡೂ ತುದಿಗೆ ಒಂದೊಂದು ಸೆಕೆಂಡ್ ಜಾಸ್ತಿ' ಅಂತ ಆರ್ಡರ್‌ನಲ್ಲೇ ಬರೆಯಿರಿ.

ಲೈಸೆನ್ಸ್ ಟೀಮ್ ಮಾತ್ರ ಒಳ್ಳೆಯದು. ಯಾವ ದೇಶ, ಟಿವಿಯೋ ಓಟಿಟಿಯೋ, ಎಷ್ಟು ವರ್ಷ ಅಂತ ಮೊದಲೇ ಬಿಡಿಸಿ ಕೇಳುತ್ತಾರೆ. ಕ್ಲಿಪ್‌ನೊಳಗಿನ ಹಾಡಿನ ಹಕ್ಕು ಇದರಲ್ಲಿ ಬರಲ್ಲ ಅಂತಲೂ ಹೇಳುತ್ತಾರೆ. ಇದನ್ನು ತುಂಬಾ ಜನ ಮರೆಯುತ್ತಾರೆ. ನೋಡೋಕೆ ಫ್ರೀ ಅಂದರೆ ಬಳಸೋಕೂ ಫ್ರೀ ಅಂದುಕೊಳ್ಳುವವರೂ ಇದ್ದಾರೆ. ಹಳೇ ನ್ಯೂಸ್‌ರೀಲ್ ಸಂಗ್ರಹವಾದ ಬ್ರಿಟಿಷ್ ಪಾಥೆ 2014ರಲ್ಲಿ 85,000 ಫಿಲ್ಮ್ ಯೂಟ್ಯೂಬ್‌ಗೆ ಹಾಕಿತಲ್ಲ, ಅವನ್ನು ನಿಮ್ಮ ಸಿನಿಮಾಗೆ ಹಾಕಬೇಕಾದರೆ ಲೈಸೆನ್ಸ್ ತಗೊಳ್ಳಲೇಬೇಕು. ಬಜೆಟ್ ಇಲ್ಲದಾಗ ನಾನು ಮೊದಲು ಇಂಟರ್ನೆಟ್ ಆರ್ಕೈವ್ ವೆಬ್‌ಸೈಟಿನ ಪ್ರೆಲಿಂಗರ್ ಸಂಗ್ರಹ (ಹೆಚ್ಚಿನವು ಫ್ರೀಯಾಗಿ ಬಳಸಬಹುದಾದ ಹಳೇ ಫಿಲ್ಮ್‌ಗಳು) ಜಾಲಾಡುತ್ತೇನೆ, ಅಲ್ಲಿ ಸಿಗದಿದ್ದರೆ ಈ ಸೇವೆಯವರ ಹತ್ತಿರ ಬರುತ್ತೇನೆ.

ಸ್ಕ್ರೀನರ್‌ಗೂ ಮಾಸ್ಟರ್‌ಗೂ ಇನ್ನು ಒಂದೇ ಟೈಮ್‌ಕೋಡ್ ಅಂತ ಮೊನ್ನೆ ಮೇಲ್ ಬಂತು. ಎರಡು ರೀಲ್ ಆರ್ಡರ್ ಮಾಡಿದ್ದೇನೆ, ಬಂದ ಮೇಲೆ ಸ್ಟಾರ್ ಏರಿಸುವುದೋ ಇಳಿಸುವುದೋ ನೋಡೋಣ.