ಎಫ್‌ಟಿ8 ಶುರು ಮಾಡುವವರಿಗೆ: ಮೂರು ಸಾಫ್ಟ್‌ವೇರ್, ಒಂದು ಗಡಿಯಾರ

ಎಫ್‌ಟಿ8 ಅಂದರೆ ಹ್ಯಾಮ್ (ಹವ್ಯಾಸಿ) ರೇಡಿಯೊದಲ್ಲಿ ಕಂಪ್ಯೂಟರ್ ಮೂಲಕ ಚುಟುಕು ಸಂದೇಶ ಕಳಿಸುವ ವಿಧಾನ. ಮೊದಲೇ ಹೇಳಿಬಿಡುತ್ತೇನೆ, ಅದಕ್ಕೆ ನನ್ನ ಆಯ್ಕೆ ಡಬ್ಲ್ಯೂಎಸ್‌ಜೆಟಿ-ಎಕ್ಸ್. ಇಂಥದ್ದೇ ಬೇರೆ ವಿಧಾನಗಳ ಎಫ್‌ಎಲ್‌ಡಿಜಿ ಮತ್ತು ಜೆಎಸ್8ಕಾಲ್ ಕೂಡ ಹಾಕಿಕೊಂಡು ಒಂದು ತಿಂಗಳು ಬಳಸಿದ್ದೇನೆ. ಮೂರೂ ಉಚಿತ. ನನ್ನ ದುಡ್ಡು ಹೋಗಿದ್ದು ಲ್ಯಾಪ್‌ಟಾಪ್‌ಗೆ. ಸೆಕೆಂಡ್ ಹ್ಯಾಂಡ್, 9,000 ರೂಪಾಯಿ, ಲಿನಕ್ಸ್ ಹಾಕಿದ್ದು. ತೊಂದರೆ ಶುರುವಾಗಿದ್ದೂ ಅಲ್ಲಿಂದಲೇ.

ಮೈಸೂರಿನ ನಮ್ಮ ಮನೆಯ ಟೆರೇಸ್ ಮೇಲೆ 20 ಮೀಟರ್ ಬ್ಯಾಂಡಿನ ಡೈಪೋಲ್ (ತಂತಿ ಆಂಟೆನಾ) ಇದೆ. ರೇಡಿಯೊ ಇರುವುದು ಮೇಲಿನ ರೂಮಿನಲ್ಲಿ, ಅಲ್ಲಿಗೆ ವೈಫೈ ಬರುವುದಿಲ್ಲ. ಎಫ್‌ಟಿ8 ನಡೆಯುವ 14.074 ಮೆಗಾಹರ್ಟ್ಸ್‌ಗೆ ಟ್ಯೂನ್ ಮಾಡಿದರೆ ವಾಟರ್‌ಫಾಲ್ (ಸಿಗ್ನಲ್‌ಗಳನ್ನು ತೋರಿಸುವ ಪರದೆ) ತುಂಬಾ ಗೆರೆಗಳು. ಡೀಕೋಡ್ ಆದ (ಅಕ್ಷರವಾಗಿ ಬಿಡಿಸಿದ) ಸಾಲು ಮಾತ್ರ ಒಂದೂ ಇಲ್ಲ. ಕೇಬಲ್ ಬದಲಾಯಿಸಿದೆ. ಆಡಿಯೊ ಲೆವೆಲ್ 30 ಡಿಬಿ ಹತ್ತಿರ ತಂದೆ. ಸಾಫ್ಟ್‌ವೇರ್ ತೆಗೆದು ಮತ್ತೆ ಹಾಕಿದೆ. ಮೂರು ರಾತ್ರಿ ಹೀಗೇ ಕಳೆಯಿತು.

ದಾರಿ ತೋರಿಸಿದ್ದು ಎಫ್‌ಎಲ್‌ಡಿಜಿ. 14.070ರಲ್ಲಿ ಒಂದು ಪಿಎಸ್‌ಕೆ31 (ಟೈಪ್ ಮಾಡಿ ಮಾತಾಡುವ ಹಳೆಯ ವಿಧಾನ) ಸಿಗ್ನಲ್ ಸಿಕ್ಕಿತು. ಕ್ಲಿಕ್ ಮಾಡಿದ ತಕ್ಷಣ ಅಕ್ಷರಗಳು ಬರತೊಡಗಿದವು. ಅಂದರೆ ಕೇಬಲ್ ಸರಿ ಇದೆ, ಸೌಂಡ್ ಸರಿ ಇದೆ. ಪಿಎಸ್‌ಕೆ31ಗೆ ಬೇಡದ್ದು, ಎಫ್‌ಟಿ8ಗೆ ಬೇಕೇ ಬೇಕಾದದ್ದು ಏನು? ಸರಿಯಾದ ಸಮಯ. ಎಫ್‌ಟಿ8ನಲ್ಲಿ ನಿಮಿಷಕ್ಕೆ ನಾಲ್ಕು ಸರದಿ. 0, 15, 30, 45ನೇ ಸೆಕೆಂಡಿಗೆ ಎಲ್ಲರೂ ಒಟ್ಟಿಗೆ ಶುರು ಮಾಡುತ್ತಾರೆ, 12.64 ಸೆಕೆಂಡಿಗೆ ಮುಗಿಸುತ್ತಾರೆ. ನಮ್ಮ ಗಡಿಯಾರ ಒಂದು ಸೆಕೆಂಡಿಗಿಂತ ಹೆಚ್ಚು ತಪ್ಪಬಾರದು. ಮೊಬೈಲ್ ಪಕ್ಕದಲ್ಲಿಟ್ಟು ನೋಡಿದರೆ ನನ್ನದು 4 ಸೆಕೆಂಡ್ ಹಿಂದಿತ್ತು. ಅಷ್ಟು ಸಣ್ಣ ವ್ಯತ್ಯಾಸ ಯಾರ ಕಣ್ಣಿಗೆ ಬೀಳುತ್ತದೆ, ಅಲ್ವಾ?

ಮೊಬೈಲ್ ಹಾಟ್‌ಸ್ಪಾಟ್ ಕೊಟ್ಟು ಸಮಯ ಸರಿಪಡಿಸಿದೆ. ಮುಂದಿನ ಸರದಿಯಲ್ಲೇ ಹನ್ನೊಂದು ಸಾಲು ಬಂತು! ಮರುದಿನ ಮತ್ತೆ ಖಾಲಿ. ಮದರ್‌ಬೋರ್ಡಿನ ಸಣ್ಣ ಸೆಲ್ ಸೊರಗಿತ್ತು, ಲ್ಯಾಪ್‌ಟಾಪ್ ಆಫ್ ಇದ್ದಾಗ ಗಡಿಯಾರ ಹಿಂದೆ ಬೀಳುತ್ತಿತ್ತು. ಮಾರಿದವರನ್ನು ಕೇಳಿದರೆ "ಅದೆಲ್ಲ ವಾರಂಟಿಗೆ ಬರಲ್ಲ ಸಾರ್" ಅಂದರು. ವೈರ್ ಇರುವ ಸಿಆರ್2032 ಸೆಲ್ ತಂದು ನಾನೇ ಹಾಕಿದೆ. ಈಗ ರೇಡಿಯೊ ಆನ್ ಮಾಡುವ ಮುಂಚೆ ಐದು ನಿಮಿಷ ಹಾಟ್‌ಸ್ಪಾಟ್ ಕೊಡುತ್ತೇನೆ. ಆಮೇಲೆ ಡಬ್ಲ್ಯೂಎಸ್‌ಜೆಟಿ-ಎಕ್ಸ್‌ನ ಡಿಟಿ ಕಾಲಮ್ (ಪ್ರತಿ ಸ್ಟೇಷನ್ ಜೊತೆಗಿನ ಸಮಯದ ವ್ಯತ್ಯಾಸ) ನೋಡುತ್ತೇನೆ. ಅಲ್ಲಿ ಎಲ್ಲರ ಅಂಕಿಯೂ ಒಂದೇ ಕಡೆಗೆ ವಾಲಿದ್ದರೆ ತಪ್ಪಿರುವುದು ನಮ್ಮ ಗಡಿಯಾರವೇ.

ಈ ವಿಷಯದಲ್ಲಿ ಜೆಎಸ್8ಕಾಲ್ ಒಂದು ಹೆಜ್ಜೆ ಮುಂದಿದೆ. ಕೇಳಿಸಿದ ಸ್ಟೇಷನ್‌ಗಳಿಗೆ ತಕ್ಕಂತೆ ಸಮಯ ಹೊಂದಿಸಿಕೊಳ್ಳುವ ಸೌಲಭ್ಯ ಅದರೊಳಗೇ ಇದೆ. ಟೈಪ್ ಮಾಡಿ ಮಾತಾಡಲೂಬಹುದು. ಆದರೆ ನಾನು ಕೂರುವ ಹೊತ್ತಿಗೆ 14.078ರಲ್ಲಿ ಯಾರೂ ಸಿಗಲಿಲ್ಲ. ಸುಮ್ನೆ ಕರೆಯುತ್ತಾ ಕೂತಿದ್ದೇ ಜಾಸ್ತಿ.

ಎಫ್‌ಎಲ್‌ಡಿಜಿಯಲ್ಲಿ ಆರ್‌ಟಿಟಿವೈ, ಒಲಿವಿಯಾದಂಥ ಬೇರೆ ವಿಧಾನಗಳೆಲ್ಲ ಇವೆ. ಉದ್ದಕ್ಕೆ ಹರಟುವವರಿಗೆ ಅದೇ ಸರಿ. ತೆಗೆದು ಹಾಕಿಲ್ಲ, ಕೇಬಲ್ ಪರೀಕ್ಷೆಗೆ ಇಟ್ಟುಕೊಂಡಿದ್ದೇನೆ.

ಲಿನಕ್ಸ್ ಬಳಸುವವರು ತಮ್ಮ ಯೂಸರ್ ಹೆಸರನ್ನು ಡಯಲ್‌ಔಟ್ (ಸೀರಿಯಲ್ ಪೋರ್ಟ್ ಬಳಸಲು ಅನುಮತಿ ಇರುವ) ಗುಂಪಿಗೆ ಸೇರಿಸಿ, ಇಲ್ಲದಿದ್ದರೆ ಪಿಟಿಟಿ (ರೇಡಿಯೊವನ್ನು ಪ್ರಸಾರಕ್ಕೆ ಹಾಕುವ ಸ್ವಿಚ್) ಒತ್ತಿಕೊಳ್ಳುವುದೇ ಇಲ್ಲ.

ನನಗೆ ಸಿಗುವುದು ರಾತ್ರಿ ಊಟ ಆದ ಮೇಲಿನ ಅರ್ಧ ಗಂಟೆ. ಮಕ್ಕಳು ಮಲಗಿರುತ್ತಾರೆ, ಮೈಕ್ ಹಿಡಿದು ಕೂಗುವ ಹಾಗಿಲ್ಲ. ದೊಡ್ಡ ರೇಡಿಯೊ, ಎತ್ತರದ ಟವರ್ ನನ್ನ ಬಜೆಟ್ಟಿನಲ್ಲಿಲ್ಲ, ಇರುವುದು 10 ವಾಟ್. 1993ರಲ್ಲಿ ಭೌತವಿಜ್ಞಾನದ ನೊಬೆಲ್ ಪಡೆದ ಜೋ ಟೇಲರ್, ಸ್ಟೀವ್ ಫ್ರಾಂಕೆ ಜೊತೆ ಸೇರಿ 2017ರಲ್ಲಿ ಕೊಟ್ಟ ಎಫ್‌ಟಿ8 ನನ್ನಂಥವರಿಗೇ ಹೇಳಿ ಮಾಡಿಸಿದಂತಿದೆ. ಕಿವಿಗೆ ಕೇಳಿಸದ -20 ಡಿಬಿ ಸಿಗ್ನಲ್ಲನ್ನೂ ಅದು ಓದುತ್ತದೆ. ಕಳೆದ ವಾರ ಇಟಲಿಯ ಸ್ಟೇಷನ್ ಒಂದು ನನ್ನ ಸಿಗ್ನಲ್‌ಗೆ -17 ಡಿಬಿ ರಿಪೋರ್ಟ್ ಕೊಟ್ಟಿತು. ಲಾಗ್‌ನಲ್ಲಿ ಸಮಯ 16:02 ಯುಟಿಸಿ, ನಮ್ಮ ರಾತ್ರಿ 9:32.