ಬಟ್ಟೆ ಅಳೆದು ಆನಿಂಗ್ ತರಿಸಬೇಡಿ

ಅಮೆರಿಕದಲ್ಲಿ ಟ್ರೇಲರ್ (ವಾಹನದ ಹಿಂದೆ ಎಳೆದೊಯ್ಯುವ ಪುಟ್ಟ ಮನೆ) ಇಟ್ಟುಕೊಂಡಿರುವ ಕನ್ನಡದವರಿಗೆ, ಅದರಲ್ಲೂ ನಮ್ಮ ಹಾಗೆ ಸೆಕೆಂಡ್ ಹ್ಯಾಂಡ್ ಕೊಂಡವರಿಗೆ ಇದನ್ನು ಬರೆಯುತ್ತಿದ್ದೇನೆ. ಆನಿಂಗ್ (ಟ್ರೇಲರ್ ಪಕ್ಕಕ್ಕೆ ಚಾಚುವ ನೆರಳಿನ ಚಪ್ಪರ) ಬಟ್ಟೆ ಬದಲಾಯಿಸುವ ಯೋಚನೆ ಇದ್ದರೆ, ಆರ್ಡರ್ ಮಾಡುವ ಮುಂಚೆ ಐದು ನಿಮಿಷ ಕೊಟ್ಟು ಓದಿ. ನನಗೆ ಈ ಪಾಠಕ್ಕೆ ಒಟ್ಟು 800 ಡಾಲರ್ ಬಿತ್ತು. ಗೆಳೆಯನ ಕೈಗೆ ನಾಲ್ಕು ಹೊಲಿಗೆ ಬಿದ್ದವು, ಅದು ಬೇರೆ ಲೆಕ್ಕ.

ನಮ್ಮದು 26 ಅಡಿಯ ಟ್ರಾವೆಲ್ ಟ್ರೇಲರ್. ಆಸ್ಟಿನ್‌ನಲ್ಲಿರುವ ನಮಗೆ ಬೇಸಿಗೆ ಅಂದರೆ 100 ಡಿಗ್ರಿ ಫ್ಯಾರನ್‌ಹೀಟ್, ಅಂದರೆ ಊರಿನ ಲೆಕ್ಕದಲ್ಲಿ 38. ಅಂಥ ಬಿಸಿಲಲ್ಲಿ ಟ್ರೇಲರ್ ಪಕ್ಕಕ್ಕೆ ಚಾಚಿಕೊಳ್ಳುವ ಆ ಬಟ್ಟೆಯೇ ನಮ್ಮ ಜಗುಲಿ. ಸ್ಟವ್ ಅಲ್ಲೇ, ಇಸ್ಪೀಟು ಅಲ್ಲೇ, ಮಧ್ಯಾಹ್ನದ ನಿದ್ದೆ ಅಲ್ಲೇ. ಕಳೆದ ವರ್ಷ ಏಪ್ರಿಲ್‌ನಲ್ಲಿ ಇಂಕ್ಸ್ ಲೇಕ್ ಸ್ಟೇಟ್ ಪಾರ್ಕ್‌ಗೆ ಹೋಗಿದ್ದೆವು. ಗುಲಾಬಿ ಬಂಡೆಗಳ ನಡುವೆ ಕೆರೆ, ಒಳ್ಳೆ ಜಾಗ. ರಾತ್ರಿ ಆಕಾಶ ತಿಳಿಯಾಗಿತ್ತು, ಆನಿಂಗ್ ಸುತ್ತದೆ ಹಾಗೇ ಬಿಟ್ಟು ಮಲಗಿದೆ. ಎರಡು ಗಂಟೆಗೆ ಗಾಳಿ ಎದ್ದಿತು. ಮೊದಲು ಪಟಪಟ ಅಂದಿತು, ಆಮೇಲೆ ಹಳೇ ಸೀರೆ ಹರಿದಂತೆ ಉದ್ದಕ್ಕೆ ಒಂದು ಸದ್ದು. ಆ ತಪ್ಪು ಪೂರ್ತಿ ನನ್ನದೇ. ಮಲಗುವ ಮುಂಚೆ ಆನಿಂಗ್ ಸುತ್ತಿಡಬೇಕು ಅನ್ನುವುದು ಇಲ್ಲಿ ಮಕ್ಕಳಿಗೂ ಗೊತ್ತು.

ಬಟ್ಟೆಯನ್ನು ಎರಡು ಬದಿ ಹಿಡಿದು ನಿಲ್ಲಿಸುವ ಆರ್ಮ್‌ಗಳು, ಬಟ್ಟೆ ಸುತ್ತಿಕೊಳ್ಳುವ ರೋಲರ್, ಸ್ಪ್ರಿಂಗ್ ಎಲ್ಲ ಗಟ್ಟಿಯಾಗಿದ್ದವು. ಬಟ್ಟೆ ಮಾತ್ರ ಹೊಸದು ಹಾಕಿದರೆ ಸಾಕು. ಆನ್‌ಲೈನ್‌ನಲ್ಲಿ ನೋಡಿದರೆ ಎಲ್ಲ ಕಡೆ 8 ಅಡಿ, 12 ಅಡಿ, 15 ಅಡಿ, 16 ಅಡಿ ಅಂತ ಪೂರ್ತಿ ಅಡಿಗಳ ಲೆಕ್ಕ. ನಾನು ಹರಿದ ಬಟ್ಟೆಯನ್ನು ಪೂರ್ತಿ ಹೊರಗೆಳೆದು, ಅಂಚಿನಿಂದ ಅಂಚಿಗೆ ಟೇಪು ಹಿಡಿದೆ. 15 ಅಡಿ 3 ಇಂಚು ಬಂತು. ಮೂರು ಇಂಚು ಹಳೇ ಬಟ್ಟೆ ಹಿಗ್ಗಿರಬೇಕು ಅಂದುಕೊಂಡು 15 ಅಡಿಯದನ್ನು ಆರಿಸಿದೆ. ಬುದ್ಧಿವಂತನ ಹಾಗೆ ಮಾರುವವರಿಗೆ ಫೋನ್ ಕೂಡ ಮಾಡಿದೆ. "ಬಟ್ಟೆ 15 ಅಡಿ 3 ಇಂಚು ಇದೆ, 15ರದ್ದು ಸರಿಯಾಗುತ್ತಾ?" ಅಂತ ಕೇಳಿದೆ. "ಆಗುತ್ತೆ" ಅಂದರು. ನಾನು ಹೇಳಿದ್ದು ಬಟ್ಟೆಯ ಅಳತೆ, ಅವರು ಕೇಳಿಸಿಕೊಂಡದ್ದು ಆನಿಂಗ್ ಅಳತೆ. ಇವೆರಡೂ ಬೇರೆ ಬೇರೆ ಅನ್ನುವುದು ನನಗೆ ಗೊತ್ತಿರಲಿಲ್ಲ. ಅವರಿಗೆ ಗೊತ್ತಿದ್ದೂ ಒಂದು ಮಾತು ಕೇಳಲಿಲ್ಲ. ಇವತ್ತಿಗೂ ನನಗೆ ಸಿಟ್ಟಿರುವುದು ಅವರು ಕೇಳದೇ ಹೋದ ಆ ಒಂದು ಪ್ರಶ್ನೆಗೆ.

ಅದೇ ವಾರ ನನ್ನ ಮಾವ ತಿಪಟೂರಿನಿಂದ ವಿಡಿಯೋ ಕಾಲ್ ಮಾಡಿದ್ದರು. ಅವರದ್ದು ಶಾಮಿಯಾನ ಅಂಗಡಿ, ಮೂವತ್ತು ವರ್ಷ ಮದುವೆ-ತಿಥಿಗಳಿಗೆಲ್ಲ ಪೆಂಡಾಲ್ ಹಾಕಿದವರು. ಹರಿದ ಬಟ್ಟೆ ತೋರಿಸಿದೆ. ಹೊಲಿಗೆ ನೋಡಿದರು, ಕಂಬ ನೋಡಿದರು, ಆಮೇಲೆ, "ಅಳಿಯಂದ್ರೇ, ಅವ್ರು ಹದಿನೈದಡಿ ಅನ್ನೋದು ಬಟ್ಟೆದಾ, ಕಂಬದಿಂದ ಕಂಬಕ್ಕಾ?" ಅಂದರು. ಅಮೆರಿಕದ ಟ್ರೇಲರ್ ಬಗ್ಗೆ ಇವರಿಗೇನು ಗೊತ್ತು ಅಂತ ನಾನು ನಕ್ಕು, "ಅದೆಲ್ಲಾ ಸ್ಟ್ಯಾಂಡರ್ಡ್ ಇರುತ್ತೆ ಮಾವ" ಅಂದೆ. ಸ್ಟ್ಯಾಂಡರ್ಡ್ ಇತ್ತು, ನಿಜ. ಅವರು ಹೇಳಿದ ಸ್ಟ್ಯಾಂಡರ್ಡೇ ಇತ್ತು.

ಲೆಕ್ಕ ಹೀಗೆ: ಎರಡು ಬದಿ ಆರ್ಮ್ ಇರುವ ಮಾಮೂಲಿ ಆನಿಂಗ್‌ಗೆ 16 ಅಡಿ ಅಂತ ಹೆಸರಿದ್ದರೆ, ಅದು ಒಂದು ಆರ್ಮಿನ ನಡುಮಧ್ಯದಿಂದ ಇನ್ನೊಂದು ಆರ್ಮಿನ ನಡುಮಧ್ಯಕ್ಕೆ ಇರುವ ದೂರ. ಬಟ್ಟೆ ಅದಕ್ಕಿಂತ ಕಡಿಮೆಯೇ ಇರುತ್ತದೆ, ಯಾಕೆಂದರೆ ಆರ್ಮ್ ಮತ್ತು ರೋಲರಿನ ಎರಡು ತುದಿ ಮುಚ್ಚುವ ಎಂಡ್ ಕ್ಯಾಪ್‌ಗಳಿಗೆ ಜಾಗ ಬೇಕು. ಎಷ್ಟು ಕಡಿಮೆ ಅನ್ನುವುದು ಕಂಪನಿಗೊಂದು ಥರ: ಡೊಮೆಟಿಕ್‌ಗೆ ಒಂದು, ಕೇರ್‌ಫ್ರೀಗೆ ಒಂದು, ಲಿಪರ್ಟ್‌ನ ಸೊಲೆರಾಕ್ಕೆ ಒಂದು. ಮಾಡೆಲ್ ಬದಲಾದರೂ ಬದಲಾಗಬಹುದು. ನನ್ನದರಲ್ಲಿ 9 ಇಂಚು. ಆರ್ಮಿನಿಂದ ಆರ್ಮಿಗೆ 192 ಇಂಚು, ಅಂದರೆ ಸರಿಯಾಗಿ 16 ಅಡಿ. ಬಟ್ಟೆ 183 ಇಂಚು, ಅದೇ ನಾನು ಅಳೆದ 15 ಅಡಿ 3 ಇಂಚು. ಅಂದರೆ ನನ್ನ ಹಳೇ ಬಟ್ಟೆ ಒಂದಿಷ್ಟೂ ಹಿಗ್ಗಿರಲಿಲ್ಲ. ಅದು 16 ಅಡಿ ಆನಿಂಗಿಗೆ ತಕ್ಕ ಬಟ್ಟೆ. ನಾನು ತರಿಸಿದ 15 ಅಡಿಯದು ಬಂದಾಗ 171 ಇಂಚು, ಪೂರ್ತಿ ಒಂದು ಅಡಿ ಗಿಡ್ಡ.

ಇದು ಬಟ್ಟೆಯನ್ನು ಹಾಕುವವರೆಗೂ ನಮಗೆ ಗೊತ್ತಾಗಲಿಲ್ಲ ಅನ್ನುವುದು ನಾಚಿಕೆಯ ವಿಷಯ. ಮಡಚಿ ಪ್ಯಾಕ್ ಮಾಡಿದ ಬಟ್ಟೆಯನ್ನು ನೆಲದ ಮೇಲೆ ಹಾಸಿ ಹಳೆಯದರ ಪಕ್ಕ ಇಟ್ಟಿದ್ದರೆ ಅಲ್ಲೇ ತಿಳಿಯುತ್ತಿತ್ತು. ಶನಿವಾರ ಬೆಳಿಗ್ಗೆ ಇಲ್ಲೇ ಇರುವ, ಸಾಗರ ಊರಿನ ಗೆಳೆಯನನ್ನು ಕರೆದೆ. ಅವನು ಬಂದ, ಕಾಫಿ ಕುಡಿದೆವು, ನೇರ ಏಣಿ ಹತ್ತಿದೆವು.

ಈಗ ಸ್ಪ್ರಿಂಗ್ ವಿಷಯ. ಕೈಯಿಂದ ಎಳೆದು ಬಿಚ್ಚುವ ಆನಿಂಗ್‌ಗಳಲ್ಲಿ ರೋಲರ್ ಕೊಳವೆಯ ಒಳಗೆ ತಿರುಚಿ ಬಿಗಿ ಮಾಡಿದ ಸ್ಪ್ರಿಂಗ್ ಇರುತ್ತದೆ. ಬಟ್ಟೆ ತನ್ನಷ್ಟಕ್ಕೆ ಸುತ್ತಿಕೊಳ್ಳುವುದು ಅದರ ಬಲದಿಂದಲೇ. ರೋಲರನ್ನು ಆರ್ಮಿನಿಂದ ಬಿಡಿಸುವ ಮುಂಚೆ ಎಂಡ್ ಕ್ಯಾಪಿನ ತೂತಿಗೆ ಪಿನ್ ಹಾಕಿ ಆ ಸ್ಪ್ರಿಂಗನ್ನು ಕಟ್ಟಿಹಾಕಬೇಕು. ನಮ್ಮ ಹತ್ತಿರ ಸರಿಯಾದ ಪಿನ್ ಇರಲಿಲ್ಲ, ಒಂದು ಮೊಳೆ ತೂರಿಸಿದೆವು. ಗೆಳೆಯ ಕೊನೆಯ ಬೋಲ್ಟ್ ಬಿಚ್ಚಿದ. ಮೊಳೆ ಬಾಗಿ ಜಾರಿತು. ಒಂದು ಗಿರ್ರ್ ಸದ್ದು, ಅಷ್ಟೇ. ಎಂಡ್ ಕ್ಯಾಪ್ ಎಷ್ಟು ಸುತ್ತು ತಿರುಗಿತೋ ಕಣ್ಣಿಗೆ ಕಾಣಲಿಲ್ಲ. ಅವನ ಕೈ ಅದರ ಪಕ್ಕದಲ್ಲಿತ್ತು. ಬೆರಳ ಗೆಣ್ಣಿನ ಮೇಲೆ ಚರ್ಮ ಬಾಯಿ ಬಿಟ್ಟಿತ್ತು, ರಕ್ತ ಬರಲು ಒಂದು ಕ್ಷಣ ತಡ ಮಾಡಿತು. "ಮಾರಾಯ, ನಿನ್ನ ಆನಿಂಗು ನನ್ನ ಕೈ ತಿಂತು" ಅಂದ, ಅಷ್ಟೇ. ಅರ್ಜೆಂಟ್ ಕೇರ್ ಕ್ಲಿನಿಕ್ಕಿನಲ್ಲಿ ನಾಲ್ಕು ಹೊಲಿಗೆ. ಎರಡು ಇಂಚು ಆಚೀಚೆ ಆಗಿದ್ದರೆ ಬೆರಳಿನ ಮೂಳೆ, ಮುಖ ಅಲ್ಲಿದ್ದಿದ್ದರೆ ಕಣ್ಣು. ಅಳತೆ ತಪ್ಪಿದರೆ ದುಡ್ಡು ಹೋಗುತ್ತದೆ, ಇದನ್ನು ತಪ್ಪಿದರೆ ಏನು ಹೋಗುತ್ತದೋ ಹೇಳಲಾಗದು. ಸರಿಯಾದ ಪಿನ್ ಇಲ್ಲದಿದ್ದರೆ, ಸ್ಪ್ರಿಂಗನ್ನು ಮತ್ತೆ ಎಷ್ಟು ಸುತ್ತು ಬಿಗಿ ಮಾಡಬೇಕು ಅನ್ನುವುದು ನಿಮ್ಮ ಮಾಡೆಲಿನ ಪುಸ್ತಕದಲ್ಲಿ ಸಿಗದಿದ್ದರೆ, ಇದಕ್ಕೆ ಕೈ ಹಾಕಬೇಡಿ. ಮನೆ ಬಾಗಿಲಿಗೇ ಬಂದು ಮಾಡಿಕೊಡುವ ಟೆಕ್ನಿಶಿಯನ್‌ಗಳಿದ್ದಾರೆ.

ಮರುವಾರ ಅವನು ಬ್ಯಾಂಡೇಜು ಕೈಯಲ್ಲೇ ಬಂದು ಮೇಸ್ತ್ರಿಗಿರಿ ಮಾಡಿದ, ಬಟ್ಟೆ ಹಾಕಿ ಮುಗಿಸಿದೆವು. ರೋಲರಿನ ಎರಡೂ ತುದಿಯಲ್ಲಿ ಆರಾರು ಇಂಚು ಬರಿ ಅಲ್ಯೂಮಿನಿಯಂ ಕಾಣುತ್ತಿತ್ತು. ಮಾರಿದವರಿಗೆ ಫೋಟೋ ಕಳಿಸಿದೆ. "ಹಾಕಿ ಆಗಿದೆಯಲ್ಲ, ವಾಪಸ್ ತಗೊಳ್ಳಲ್ಲ. ಗಿಡ್ಡ ಇದ್ದರೂ ಸುತ್ತುತ್ತೆ, ಉಪಯೋಗಿಸಿ" ಅಂದರು. ಸುತ್ತುತ್ತದೆ, ಸುಳ್ಳಲ್ಲ. ಆದರೆ ನಮ್ಮ ಟ್ರೇಲರಿನ ಬಾಗಿಲು ಒಂದು ಆರ್ಮಿನ ಪಕ್ಕಕ್ಕೇ ಇದೆ. ಮೊದಲ ಮಳೆಗೆ ಆ ಆರು ಇಂಚಿನ ಸಂದಿಯಿಂದ ನೀರು ಸೀದಾ ಮೆಟ್ಟಿಲ ಮೇಲೆ. ಒಳಗೆ ಹೋಗುವವರ ಬೆನ್ನಿಗೊಂದು ಧಾರೆ, ಹೊರಗೆ ಬರುವವರ ನೆತ್ತಿಗೊಂದು. ನನ್ನ ಹೆಂಡತಿ ಒಗ್ಗರಣೆ ಬಾಣಲೆ ಹಿಡಿದು ಹೊರಗೆ ಬರುವಾಗ ಅದರೊಳಕ್ಕೆ ನೀರು ಬಿದ್ದು ಎಣ್ಣೆ ಸಿಡಿಯಿತು. "ರೀ, ಇದನ್ನ ತೆಗೀರಿ" ಅಂದಳು. ಅಲ್ಲಿಗೆ ಮಾತು ಮುಗಿಯಿತು.

ಎರಡನೇ ಸಲ ಟೆಕ್ನಿಶಿಯನ್‌ನನ್ನು ಕರೆಸಿದೆ. ಆತ ಬಟ್ಟೆಯ ಕಡೆ ತಿರುಗಿಯೂ ನೋಡಲಿಲ್ಲ. ಸ್ಟೀಲ್ ಟೇಪಿನ ಒಂದು ತುದಿ ನನಗೆ ಕೊಟ್ಟು ಎಡ ಆರ್ಮಿನ ನಡುವೆ ಹಿಡಿಯಲು ಹೇಳಿದ. ತಾನು ಬಲ ಆರ್ಮಿನ ನಡುವೆ ಹಿಡಿದ. ಮೇಲೆ ಒಂದು ಸಲ, ಕೆಳಗೆ ಒಂದು ಸಲ. ಕೆಳಗಿನದು ಅರ್ಧ ಇಂಚು ಕಡಿಮೆ ಬಂತು. ಬ್ರಾಕೆಟ್ ಸ್ವಲ್ಪ ಸರಿದಿದೆ, ಮೇಲಿನದೇ ಲೆಕ್ಕ ಅಂದ. ಆಮೇಲೆ ಎಂಡ್ ಕ್ಯಾಪಿನ ಹತ್ತಿರ ಇದ್ದ ಸ್ಟಿಕ್ಕರಿನ ಮೇಲೆ ಕೂತ ಧೂಳನ್ನು ಹೆಬ್ಬೆರಳಿನಲ್ಲಿ ಒರೆಸಿದ. ಮಾಡೆಲ್ ನಂಬರ್ ಅಲ್ಲೇ ಇತ್ತು, ಮೂರು ವರ್ಷದಿಂದ. ಸುತ್ತಿದ ಬಟ್ಟೆಯ ಮೇಲೆ ಮೆಟಲ್ ಕವರ್ ಇದೆಯಾ, ಬಟ್ಟೆಯದೇ ಕವರ್ರಾ ಅಂತಲೂ ನೋಡಿಕೊಂಡ. ಎರಡಕ್ಕೂ ಬರುವ ಬಟ್ಟೆ ಬೇರೆ. ಇದನ್ನು ನನ್ನನ್ನು ಮೊದಲ ಸಲ ಯಾರೂ ಕೇಳಿರಲಿಲ್ಲ. ಮೆಟಲ್ ಕವರ್ ಇಲ್ಲದ್ದರಿಂದ ಬಚಾವ್.

ಫೋನಿನ ಅಳತೆ ಆ್ಯಪ್ ನಂಬಬೇಡಿ, ಟೈಲರ್ ಟೇಪನ್ನೂ ನಂಬಬೇಡಿ. 16 ಅಡಿ ದೂರಕ್ಕೆ ಅದು ಸಾಲುವುದಿಲ್ಲ, ತುಂಡು ತುಂಡಾಗಿ ಅಳೆದರೆ ಲೆಕ್ಕ ತಪ್ಪುತ್ತದೆ. ಟ್ರೇಲರಿನ ಗೋಡೆಯ ಮೇಲೆ ಬಟ್ಟೆ ತೂರಿಸುವ ಅಲ್ಯೂಮಿನಿಯಂ ಹಳಿ ಇರುತ್ತದಲ್ಲ, ಅದನ್ನೂ ಅಳೆಯಬೇಡಿ. ಅದು ಆನಿಂಗಿಗಿಂತ ಉದ್ದ ಇರಬಹುದು. ಅದರ ಲೆಕ್ಕದಲ್ಲಿ ತರಿಸಿದರೆ ಬಟ್ಟೆ ಆರ್ಮ್‌ಗಳ ನಡುವೆ ಕೂರುವುದೇ ಇಲ್ಲ, ನನ್ನ ಹಾಗೆ ಗಿಡ್ಡದ್ದನ್ನು ಸಹಿಸಿಕೊಳ್ಳುವ ದಾರಿಯೂ ಇರುವುದಿಲ್ಲ. ಮಾರುವವರ ಹತ್ತಿರ ಮಾತಾಡುವಾಗ "ಎಷ್ಟು ಅಡಿ" ಅನ್ನುವ ಶಬ್ದ ಬಂದ ಕೂಡಲೇ "ಆರ್ಮ್ ಸೆಂಟರಿನಿಂದ ಸೆಂಟರಿಗಾ, ಬಟ್ಟೆಯದಾ" ಅಂತ ಕೇಳಿ. ಬಟ್ಟೆ ಎಷ್ಟು ಇಂಚು ಬರುತ್ತದೆ ಅನ್ನುವುದನ್ನು ಮೆಸೇಜ್‌ನಲ್ಲಿ ಬರೆಸಿಕೊಳ್ಳಿ. ಬಂದ ಮೇಲೆ ನೆಲದಲ್ಲಿ ಹಾಸಿ ಅಳೆದು ನೋಡುವವರೆಗೆ ಒಂದು ಬೋಲ್ಟ್ ಕೂಡ ಬಿಚ್ಚಬೇಡಿ.

ಆನಿಂಗೇ ಇಲ್ಲದ ಟ್ರೇಲರಿಗೆ ಪೂರ್ತಿ ಹೊಸದು ಹಾಕಿಸುವವರ ಕಷ್ಟ ಬೇರೆ. ಅಲ್ಲಿ ಎಷ್ಟು ದೊಡ್ಡದು ಬೇಕು ಅನ್ನುವುದಕ್ಕಿಂತ ಆರ್ಮ್ ಎಲ್ಲಿ ಕೂರುತ್ತದೆ ಅನ್ನುವುದು ಮುಖ್ಯ. ಕೆಳಗಿನ ಬ್ರಾಕೆಟ್ ಗಟ್ಟಿ ಚೌಕಟ್ಟಿಗೇ ಬೀಳಬೇಕು, ತೆಳು ತಗಡಿಗೆ ಸ್ಕ್ರೂ ಹೊಡೆದರೆ ಮೊದಲ ಗಾಳಿಗೆ ಕಿತ್ತುಬರುತ್ತದೆ. ಆರ್ಮ್ ಬರುವ ಸಾಲಿನಲ್ಲಿ ಕಿಟಕಿ, ಬಾಗಿಲು, ಫ್ರಿಜ್ಜಿನ ಗಾಳಿಕಿಂಡಿ, ಸ್ಲೈಡ್-ಔಟ್ (ಗೋಡೆಯಿಂದ ಹೊರಕ್ಕೆ ಸರಿಯುವ ಕೋಣೆಯ ಭಾಗ) ಯಾವುದೂ ಅಡ್ಡ ಇರಬಾರದು. ಬಾಗಿಲು ಪೂರ್ತಿ ತೆರೆದಾಗ ಅದರ ಮೇಲ್ತುದಿ ಇಳಿಜಾರಾದ ಬಟ್ಟೆಗೆ ಉಜ್ಜುತ್ತದಾ ಅಂತಲೂ ನೋಡಿಕೊಳ್ಳಿ. ಸ್ಲೈಡ್-ಔಟ್ ಮೇಲೆ ಹಾಕುವ ಟಾಪರ್ ಅನ್ನುವ ಹೊದಿಕೆ ಬಟ್ಟೆಗೆ ಅಳತೆಯ ಕ್ರಮವೇ ಬೇರೆ, ಮೇಲಿನ ಲೆಕ್ಕ ಅಲ್ಲಿಗೆ ಒಯ್ಯಬೇಡಿ. ಮತ್ತೆ, 8 ಅಡಿ ಚಾಚುತ್ತದೆ ಅಂದರೆ ಅದು ಇಳಿಜಾರಿನ ಉದ್ದಕ್ಕೆ. ಕೆಳಗೆ ನೆಲದ ಮೇಲೆ ಕುರ್ಚಿ ಹಾಕಲು ಸಿಗುವ ಜಾಗ ಅದಕ್ಕಿಂತ ಕಡಿಮೆ.

ಬಟ್ಟೆ ವಿನೈಲೋ (ಪ್ಲಾಸ್ಟಿಕ್ ಥರದ್ದು) ಅಕ್ರಿಲಿಕ್ಕೋ (ನೇಯ್ದದ್ದು) ಅಂತ ಕೇಳುವವರಿಗೆ: ಮಳೆ ಜಾಸ್ತಿ ಇದ್ದರೆ ವಿನೈಲ್, ಆದರೆ ಒದ್ದೆ ಇರುವಾಗ ಸುತ್ತಿಟ್ಟರೆ ಬೂಷ್ಟು ಹಿಡಿಯುತ್ತದೆ. ಅಕ್ರಿಲಿಕ್ ಗಾಳಿಯಾಡುತ್ತದೆ, ಬೇಗ ಒಣಗುತ್ತದೆ, ಜೋರು ಮಳೆಗೆ ತೊಟ್ಟಿಕ್ಕುತ್ತದೆ. ನಾವು ಎರಡು ಸಲವೂ ವಿನೈಲ್ ಹಾಕಿದೆವು.

ಖರ್ಚು ಹೇಳಿಬಿಡುತ್ತೇನೆ. ಮೊದಲ ಬಟ್ಟೆ 285 ಡಾಲರ್, ಎರಡನೆಯದು 295, ಟೆಕ್ನಿಶಿಯನ್‌ಗೆ 180, ಗೆಳೆಯ ಬೇಡಬೇಡ ಅಂದರೂ ನಾನು ಕೊಟ್ಟ ಅವನ ಅರ್ಜೆಂಟ್ ಕೇರ್ ಪಾಲು 40. ಮಾವನಿಗೆ ಇದನ್ನೆಲ್ಲ ಹೇಳಿದಾಗ ಅವರು ನಗಲಿಲ್ಲ. "ಮೊದ್ಲು ಅಂಗಡಿ ಹಾಕ್ದಾಗ ನಾನೂ ಒಂದು ಮದ್ವೆ ಚಪ್ಪರ ಹಿಂಗೇ ಗಿಡ್ಡ ಮಾಡಿದ್ದೆ, ಹೆಣ್ಣಿನ ಕಡೆಯೋರು ಪೂರ್ತಿ ದುಡ್ಡು ಕೊಡ್ಲಿಲ್ಲ" ಅಂದರು. ಮದುವೆಯಾಗಿ ಹನ್ನೆರಡು ವರ್ಷವಾಯಿತು, ಇದನ್ನು ನನಗೆ ಮೊದಲ ಸಲ ಹೇಳಿದ್ದು.

ಆ 171 ಇಂಚಿನ ಬಟ್ಟೆ ಗ್ಯಾರೇಜಿನಲ್ಲೇ ಇದೆ, ಒಂದೇ ಮಳೆ ಕಂಡದ್ದು. ಆಸ್ಟಿನ್ ಸುತ್ತಮುತ್ತ 15 ಅಡಿ ಆನಿಂಗ್ ಇರುವವರು ಯಾರಾದರೂ ಇದ್ದರೆ ಪುಕ್ಕಟೆ ತಗೊಂಡು ಹೋಗಿ. ಬರುವಾಗ ನಿಮ್ಮ ಆರ್ಮ್‌ಗಳ ನಡುವೆ ಟೇಪು ಹಿಡಿದ ಫೋಟೋ ತನ್ನಿ, ಇಲ್ಲದಿದ್ದರೆ ಕೊಡುವುದಿಲ್ಲ.